ವಕ್ಫ್ ಆಸ್ತಿ ವ್ಯಾಜ್ಯಗಳು: ಮುತವಲ್ಲಿ, ಬಾಡಿಗೆದಾರ ಮತ್ತು ಪಹಣಿಯ ಕಾಲಂ 11

(ವಕೀಲರು, ಜಮಾತ್ ಕಮಿಟಿಗಳ ಪದಾಧಿಕಾರಿಗಳು ಹಾಗೂ ವಕ್ಫ್ ಅಂಗಡಿ, ಜಮೀನುಗಳ ಬಾಡಿಗೆದಾರರಿಗಾಗಿ ನೀಡಿದ ಉಪನ್ಯಾಸದ ಬರಹ ರೂಪ)

ವಕ್ಫ್ ಆಸ್ತಿಯ, ಅಂದರೆ ಇಸ್ಲಾಂ ಪದ್ಧತಿಯಂತೆ ಧಾರ್ಮಿಕ ಅಥವಾ ದಾನದ ಕಾರ್ಯಕ್ಕೆಂದು ಶಾಶ್ವತವಾಗಿ ಬಿಟ್ಟ ಆಸ್ತಿಯ, ಜಗಳ ಎಂದ ಕೂಡಲೇ ಹೊರಗಿನವರಿಗೆ ಹೊಳೆಯುವುದು ಒಂದೇ ಪ್ರಶ್ನೆ: ಈ ಜಾಗ ವಕ್ಫ್‌ಗೆ ಸೇರಿದ್ದೋ ಅಲ್ಲವೋ? ಕಡತಗಳನ್ನು ತಿರುವಿದರೆ ಕಾಣುವುದು ಬೇರೆ. ಎಷ್ಟೋ ಪ್ರಕರಣಗಳಲ್ಲಿ ಜಾಗ ಮಸೀದಿಯದ್ದು, ದರ್ಗಾದ್ದು, ಖಬರಸ್ಥಾನದ್ದು ಎಂಬುದನ್ನು ಎರಡೂ ಕಡೆಯವರು ಒಪ್ಪಿರುತ್ತಾರೆ. ಜಗಳ ಇರುವುದು ಮುತವಲ್ಲಿ (ಆಸ್ತಿಯ ಆಡಳಿತ ನೋಡಿಕೊಳ್ಳುವವನು) ಯಾರು, ಅಂಗಡಿಯ ಕರಾರು ಮುಗಿದಿದೆಯೇ, ಬಾಡಿಗೆ ಯಾರ ಕೈಗೆ ಹೋಗಬೇಕು, ಕರಾರಿಗೆ ರಾಜ್ಯ ವಕ್ಫ್ ಬೋರ್ಡ್‌ನ ಮಂಜೂರಾತಿ ಇತ್ತೇ ಎಂಬುದರ ಮೇಲೆ.

ಹಾಗಾಗಿ ಮೊದಲು ಪ್ರಶ್ನೆಗಳನ್ನು ಬಿಡಿಸಿ ಇಡೋಣ. ಆಸ್ತಿ ವಕ್ಫ್ ಹೌದೇ ಎಂಬುದು ಆಸ್ತಿಯ ಸ್ವರೂಪದ ಪ್ರಶ್ನೆ. ಅದನ್ನು ಯಾರು ನಡೆಸಬೇಕು ಎಂಬುದು ಆಡಳಿತದ ಪ್ರಶ್ನೆ. ಯಾರು ಅದರಲ್ಲಿ ಕೂತಿದ್ದಾರೆ, ಯಾವ ಹಕ್ಕಿನಿಂದ ಕೂತಿದ್ದಾರೆ ಎಂಬುದು ಸ್ವಾಧೀನದ ಪ್ರಶ್ನೆ. ಮೂರಕ್ಕೂ ಕಾಯ್ದೆಯಲ್ಲಿ ಬೇರೆ ಬೇರೆ ಸೆಕ್ಷನ್, ಬೇರೆ ಅಧಿಕಾರಿ, ಬೇರೆ ಗಡುವು ಇವೆ. ಮೂರನ್ನೂ ಒಂದೇ ಅರ್ಜಿಯಲ್ಲಿ ಕಲಸಿದವರು ವರ್ಷಗಟ್ಟಲೆ ಅಲೆದು ಕೊನೆಗೆ ‘ಈ ನ್ಯಾಯಾಲಯಕ್ಕೆ ಅಧಿಕಾರವಿಲ್ಲ’ ಎಂಬ ಒಂದು ಸಾಲಿನ ಆದೇಶ ಹಿಡಿದು ಹೊರಬರುತ್ತಾರೆ. ವಕ್ಫ್ ವ್ಯಾಜ್ಯಗಳು ಸೋಲುವುದು ಬಹಳ ಮಟ್ಟಿಗೆ ಧರ್ಮದ ತಕರಾರಿನಿಂದಲ್ಲ, ಹಕ್ಕಿನ ಕೊರತೆಯಿಂದಲೂ ಅಲ್ಲ; ತಪ್ಪು ಕಡೆ ಹಾಕಿದ ಅರ್ಜಿಯಿಂದ ಮತ್ತು ಇಡದೇ ಹೋದ ಕಾಗದದಿಂದ. ಇವತ್ತಿನ ಮಾತೆಲ್ಲ ಇದರ ಸುತ್ತಲೇ.

ಈಗ ನಡೆಯುತ್ತಿರುವುದು 1995ರ ವಕ್ಫ್ ಕಾಯ್ದೆ. ಅದು ಜಾರಿಗೆ ಬಂದದ್ದು 1996ರ ಜನವರಿ 1ರಂದು. ಅದಕ್ಕೆ ಮೊದಲು 1954ರ ಕಾಯ್ದೆ ಇತ್ತು. 2013ರಲ್ಲಿ ಒಂದು ದೊಡ್ಡ ತಿದ್ದುಪಡಿಯಾಯಿತು, 2025ರಲ್ಲಿ ಇನ್ನೊಂದು. ಎರಡನೆಯದು 2025ರ ಏಪ್ರಿಲ್ 8ರಿಂದ ಜಾರಿಯಲ್ಲಿದೆ. ಯಾವ ಕಡತ ಕೈಗೆ ಬಂದರೂ ಮೊದಲು ಕೇಳಬೇಕಾದದ್ದು ಘಟನೆ ನಡೆದ ತಾರೀಖು. 1990ರ ಮಾರಾಟ, 2008ರ ಕರಾರು, 2016ರ ಒತ್ತುವರಿ, 2025ರ ನೋಟಿಸು ಇವಕ್ಕೆಲ್ಲ ಒಂದೇ ಪಾಠ ಅನ್ವಯಿಸುವುದಿಲ್ಲ.

ಮುತವಲ್ಲಿ ಮಾಲೀಕನಲ್ಲ

ವಕ್ಫ್ ಮಾಡಿದ ಕ್ಷಣದಿಂದ ಆಸ್ತಿಯ ಒಡೆತನ ದೇವರದ್ದು. ಮುತವಲ್ಲಿ ಅದನ್ನು ನೋಡಿಕೊಳ್ಳುವವನು ಮಾತ್ರ. ಇಂಗ್ಲಿಷ್ ಕಾನೂನಿನ ಟ್ರಸ್ಟಿಯ ಹಾಗೆ ಆಸ್ತಿ ಅವನ ಹೆಸರಿನಲ್ಲಿ ನಿಲ್ಲುವುದೂ ಇಲ್ಲ ಎಂದು ಪ್ರಿವಿ ಕೌನ್ಸಿಲ್ 1921ರಲ್ಲೇ ಹೇಳಿದೆ. ಇದು ಪುಸ್ತಕದ ಮಾತು ಅನ್ನಿಸಬಹುದು, ಆದರೆ ದಿನನಿತ್ಯದ ಜಗಳಗಳ ಅರ್ಧ ಭಾಗ ಇದನ್ನು ಮರೆತದ್ದರಿಂದಲೇ ಹುಟ್ಟುತ್ತದೆ. ನಗರಸಭೆಯ ಖಾತೆಯಲ್ಲಿ ಮುತವಲ್ಲಿಯ ಹೆಸರು ಸೇರುತ್ತದೆ, ‘ಮುತವಲ್ಲಿ’ ಎಂಬ ಪದ ಮುಂದಿನ ನವೀಕರಣದಲ್ಲಿ ಬಿದ್ದುಹೋಗುತ್ತದೆ, ಅವನು ತೀರಿಕೊಂಡ ಮೇಲೆ ಮಕ್ಕಳು ವಾರಸಾ ಖಾತೆ ಮಾಡಿಸುತ್ತಾರೆ, ಆಮೇಲೆ ಒಬ್ಬರು ಭಾಗ ಕೇಳುತ್ತಾರೆ. ಖಾತೆ ತೆರಿಗೆ ಕಟ್ಟಲು ಇರುವ ಪುಸ್ತಕ, ಹಕ್ಕುಪತ್ರವಲ್ಲ. ಆದರೂ ಖಾತೆಯಲ್ಲಿ ಸಂಸ್ಥೆಯ ಪೂರ್ಣ ಹೆಸರು, ಅದರ ಕೆಳಗೆ ‘ಮುತವಲ್ಲಿಯ ಮೂಲಕ’ ಎಂಬ ಪದ, ಬೋರ್ಡ್‌ನ ನೋಂದಣಿ ಸಂಖ್ಯೆ ಇವು ಇರುವಂತೆ ನೋಡಿಕೊಳ್ಳುವುದು ಅತಿ ಅಗ್ಗದ ಮುನ್ನೆಚ್ಚರಿಕೆ.

ಮುತವಲ್ಲಿತನ ಹುಟ್ಟಿನಿಂದ ಬರುವ ಹಕ್ಕಲ್ಲ. ವಕ್ಫ್‌ನಾಮಾದಲ್ಲಿ ಸ್ಥಾಪಕರು ‘ನನ್ನ ವಂಶದ ಹಿರಿಯ’ ಎಂದು ಬರೆದಿದ್ದರೆ ಅದು ನಡೆಯುತ್ತದೆ. ಬರೆದಿಲ್ಲವಾದರೆ ಆ ಸಂಸ್ಥೆಯಲ್ಲಿ ನಡೆದುಬಂದ ರೂಢಿಯನ್ನು ಸಾಕ್ಷ್ಯ ಕೊಟ್ಟು ಸಾಬೀತು ಮಾಡಬೇಕು. ಮೂರು ತಲೆಮಾರು ಅಪ್ಪನಿಂದ ಮಗನಿಗೆ ಬಂದಿದೆ ಎಂದರೆ ಸಾಲದು. ಪ್ರತಿ ಸಲವೂ ಅದು ಹಕ್ಕಿನಿಂದ ಬಂತೋ, ಜಮಾತಿನ ಒಪ್ಪಿಗೆಯಿಂದ ಬಂತೋ ಎಂಬುದನ್ನು ವಕ್ಫ್ ವ್ಯಾಜ್ಯಗಳಿಗೆಂದೇ ಇರುವ ಟ್ರಿಬ್ಯುನಲ್ ನೋಡುತ್ತದೆ. ದರ್ಗಾಗಳಲ್ಲಿ ಇನ್ನೊಂದು ಗೊಂದಲವಿದೆ. ಸಜ್ಜಾದ ನಶೀನರದ್ದು ಆಧ್ಯಾತ್ಮಿಕ ಸ್ಥಾನ, ಮುತವಲ್ಲಿಯದ್ದು ಲೌಕಿಕ ಆಡಳಿತ. ಒಬ್ಬರೇ ಎರಡನ್ನೂ ಹೊತ್ತಿರಬಹುದು. ಆಗ ಬೋರ್ಡ್ ಮುತವಲ್ಲಿತನದಿಂದ ತೆಗೆದರೆ ಸಜ್ಜಾದಗಿಯೂ ಹೋಯಿತು ಎಂದು ಒಂದು ಕಡೆಯವರು ವಾದಿಸುತ್ತಾರೆ. ಸಜ್ಜಾದ ಆಗಿರುವುದರಿಂದ ಲೆಕ್ಕ ಕೊಡಬೇಕಿಲ್ಲ ಎಂದು ಇನ್ನೊಂದು ಕಡೆಯವರು. ಎರಡೂ ತಪ್ಪು. ಅರ್ಜಿ ಬರೆಯುವಾಗ ಎರಡು ಸ್ಥಾನಗಳನ್ನು ಎರಡು ಬೇರೆ ಪ್ಯಾರಾಗಳಲ್ಲಿ ಹೇಳಿ.

ಮುತವಲ್ಲಿ ತೀರಿಕೊಂಡಾಗ ಅಥವಾ ಬಿಟ್ಟಾಗ ಹೊಸಬ ಕೂಡಲೇ ಬೋರ್ಡ್‌ಗೆ ತಿಳಿಸಬೇಕು. ಸೆಕ್ಷನ್ 42 ಅದಕ್ಕೇ ಇದೆ. ವಕ್ಫ್‌ನಾಮಾದ ಪ್ರಕಾರ ಯಾರೂ ಇಲ್ಲ, ಅಥವಾ ಇಬ್ಬರು ಮೂವರು ‘ನಾನೇ’ ಎನ್ನುತ್ತಿದ್ದಾರೆ ಎಂದಾಗ ಸೆಕ್ಷನ್ 63ರ ಅಡಿ ಬೋರ್ಡ್ ಯಾರನ್ನಾದರೂ ನಿಗದಿತ ಅವಧಿಗೆ ನೇಮಿಸಬಹುದು. ಈ ನೇಮಕ ಮನೆತನದ ಹಕ್ಕನ್ನು ತೀರ್ಮಾನಿಸುವುದಿಲ್ಲ, ಸ್ಥಾನ ಖಾಲಿ ಬೀಳದಂತೆ ನೋಡಿಕೊಳ್ಳುತ್ತದೆ ಅಷ್ಟೇ. ಹಕ್ಕು ಇದೆ ಎನ್ನುವವರು ಸೆಕ್ಷನ್ 83ರ ಅಡಿ ಟ್ರಿಬ್ಯುನಲ್‌ಗೆ ಹೋಗಬೇಕು. ನೇಮಕದ ಆದೇಶವನ್ನು ಹಿಡಿದು ಹೈಕೋರ್ಟಿಗೆ ನೇರ ರಿಟ್ ಹಾಕುವ ಅಭ್ಯಾಸ ಬಹಳ ಇದೆ. ಟ್ರಿಬ್ಯುನಲ್ ಎಂಬ ಪರಿಹಾರ ಇರುವಾಗ ಅಲ್ಲಿಗೇ ಹೋಗಿ ಎಂದು ವಾಪಸು ಕಳಿಸುವುದೇ ಹೆಚ್ಚು.

ತೆಗೆದುಹಾಕುವ ವಿಚಾರಕ್ಕೆ ಸ್ವಲ್ಪ ನಿಲ್ಲಬೇಕು, ಏಕೆಂದರೆ ಬೋರ್ಡ್‌ನ ಆದೇಶಗಳು ಅತಿ ಹೆಚ್ಚು ಬಿದ್ದುಹೋಗುವುದು ಇಲ್ಲಿ. ಸೆಕ್ಷನ್ 64ರಲ್ಲಿ ಕಾರಣಗಳ ಪಟ್ಟಿ ಇದೆ: ನಂಬಿಕೆದ್ರೋಹದ ಶಿಕ್ಷೆ, ದಿವಾಳಿತನ, ವಕ್ಫ್‌ನದೇ ಆಸ್ತಿಯ ಚಾಲ್ತಿ ಕರಾರಿನಲ್ಲಿ ಸ್ವಂತ ಹಿತಾಸಕ್ತಿ, ಲೆಕ್ಕ ಇಡದಿರುವುದು ಅಥವಾ ಸಲ್ಲಿಸದಿರುವುದು, ಬೋರ್ಡ್‌ನ ಆದೇಶವನ್ನು ಬೇಕೆಂದೇ ಮೀರುವುದು, ಕರ್ತವ್ಯವನ್ನು ನಿರಂತರ ಕಡೆಗಣಿಸುವುದು, ಹಣ ದುರ್ಬಳಕೆ ಹೀಗೆ. ಕಾರಣ ಇದ್ದರಷ್ಟೇ ಸಾಲದು. ನಿಯಮದ ಪ್ರಕಾರ ವಿಚಾರಣೆ ನಡೆದಿರಬೇಕು, ಮತ್ತು ಬೋರ್ಡ್ ಸದಸ್ಯರ ಮೂರನೇ ಎರಡರಷ್ಟಕ್ಕೆ ಕಡಿಮೆಯಿಲ್ಲದ ಬಹುಮತದಿಂದ ತೀರ್ಮಾನವಾಗಿರಬೇಕು. ಸೆಕ್ಷನ್‌ನಲ್ಲಿ ಇರುವುದು ‘ಬೋರ್ಡ್‌ನ ಸದಸ್ಯರು’ ಎಂದು. ಅಂದು ಸಭೆಗೆ ಬಂದವರಷ್ಟನ್ನೇ ಎಣಿಸಿ ಬರೆದ ಠರಾವಿಗೆ ಟ್ರಿಬ್ಯುನಲ್‌ನಲ್ಲಿ ಜೀವ ಇರುವುದಿಲ್ಲ. ಅಮಾನತು ಮಾಡಬಹುದು, ಆದರೆ ಹತ್ತು ದಿನಕ್ಕಿಂತ ಹೆಚ್ಚು ಅವಧಿಗಾದರೆ ಮುತವಲ್ಲಿಯ ಮಾತು ಕೇಳಿರಬೇಕು. ತೆಗೆದ ಆದೇಶದ ಮೇಲೆ ಒಂದು ತಿಂಗಳೊಳಗೆ ಟ್ರಿಬ್ಯುನಲ್‌ಗೆ ಮೇಲ್ಮನವಿ. ಮುತವಲ್ಲಿಯ ಪರ ವಕೀಲರಿಗೆ ಮೊದಲ ಕೆಲಸ: ಸಭೆಯ ನಡಾವಳಿಯ ದೃಢೀಕೃತ ಪ್ರತಿ ಕೇಳಿ, ತಲೆ ಎಣಿಸಿ. ಬೋರ್ಡ್ ಪರ ಇರುವವರಿಗೆ: ಠರಾವು ಬರೆಯುವ ಮುನ್ನವೇ ಎಣಿಸಿ.

ಸೆಕ್ಷನ್ 65ರ ಅಡಿ ಬೋರ್ಡ್ ನೇರ ಆಡಳಿತಕ್ಕೆ ತೆಗೆದುಕೊಳ್ಳಬಹುದು, ಗರಿಷ್ಠ ಐದು ವರ್ಷ. ಅವಧಿ ಮುಗಿದ ಮೇಲೂ ಯಾವ ಆದೇಶವೂ ಇಲ್ಲದೆ ಆಡಳಿತಾಧಿಕಾರಿ ಮುಂದುವರಿಯುತ್ತಾ ಹೋದರೆ ಆ ಅವಧಿಯಲ್ಲಿ ಮಾಡಿದ ಕರಾರುಗಳೆಲ್ಲ ಪ್ರಶ್ನೆಗೆ ಗುರಿಯಾಗುತ್ತವೆ. ಸಂಸ್ಥೆಗೆ ಇದರಷ್ಟು ಹಾನಿ ಒಬ್ಬ ಒತ್ತುವರಿದಾರನೂ ಮಾಡಲಾರ.

ಲೆಕ್ಕದ ವಿಷಯ. ಮಾರ್ಚ್ 31ಕ್ಕೆ ಮುಗಿಯುವ ವರ್ಷದ ಲೆಕ್ಕವನ್ನು ಸೆಕ್ಷನ್ 46ರ ಪ್ರಕಾರ ಬೋರ್ಡ್‌ಗೆ ಒಪ್ಪಿಸಬೇಕು. ನಿವ್ವಳ ವಾರ್ಷಿಕ ಆದಾಯದಲ್ಲಿ ಬೋರ್ಡ್‌ಗೆ ಕೊಡುವ ವಂತಿಗೆ ಮೊದಲು ಶೇ 7ರಷ್ಟಿತ್ತು. 2025ರ ತಿದ್ದುಪಡಿಯ ನಂತರ ಗರಿಷ್ಠ ಶೇ 5. ಬಾಡಿಗೆ ನಗದಿನಲ್ಲಿ ಪಡೆದು ರಸೀದಿ ಕೊಡದಿರುವುದು, ಕೊಟ್ಟರೂ ಕ್ರಮಸಂಖ್ಯೆ ಇಲ್ಲದ ಪುಸ್ತಕದಿಂದ ಕೊಡುವುದು, ಅಡ್ವಾನ್ಸನ್ನು ಸಂಸ್ಥೆಯ ಖಾತೆಗೆ ಹಾಕದಿರುವುದು ಇವು ಮೂರೇ ಸಾಕು ಒಬ್ಬ ಪ್ರಾಮಾಣಿಕ ಮುತವಲ್ಲಿಯೂ ಮನೆಗೆ ಹೋಗಲು. ಪ್ರಾಮಾಣಿಕತೆ ಟ್ರಿಬ್ಯುನಲ್‌ಗೆ ಕಾಣುವುದಿಲ್ಲ, ಪುಸ್ತಕ ಕಾಣುತ್ತದೆ.

ಅಂಗಡಿ, ಕರಾರು, ತೆರವು

ಪೇಟೆಯ ಮಸೀದಿಗಳ ಮುಂದಿನ ಅಂಗಡಿ ಸಾಲುಗಳಲ್ಲಿ ಕಾಣುವ ಸಾಮಾನ್ಯ ಕಥೆ ಇಷ್ಟು: ಹಿಂದಿನ ಮುತವಲ್ಲಿಯ ಕಾಲದಲ್ಲಿ ದೊಡ್ಡ ಮೊತ್ತ ಪಗಡಿ ಕೊಟ್ಟು ಒಳಬಂದ ಬಾಡಿಗೆದಾರ, ತಿಂಗಳಿಗೆ ಕೆಲವೇ ನೂರು ರೂಪಾಯಿ ಬಾಡಿಗೆ, ಛಾಪಾ ಕಾಗದದ ಮೇಲೆ ನೋಂದಣಿಯಾಗದ ಹತ್ತು ವರ್ಷದ ಕರಾರು, ಆಮೇಲೆ ಒಳಬಾಡಿಗೆ. ಇಂದು ಅಂಗಡಿಯಲ್ಲಿ ಕೂತಿರುವವನು ಕರಾರಿನಲ್ಲಿ ಇರುವವನಲ್ಲ.

ಇದನ್ನು ಕಾನೂನು ಹೇಗೆ ನೋಡುತ್ತದೆ? ಸೆಕ್ಷನ್ 56ರ ಪ್ರಕಾರ ಮೂವತ್ತು ವರ್ಷ ಮೀರಿದ ಕರಾರು ಶೂನ್ಯ. ಕೃಷಿ ಜಮೀನಾದರೆ ಮೂರು ವರ್ಷ ಮೀರಿದರೆ ಶೂನ್ಯ. ಒಂದು ವರ್ಷ ಮೀರಿದ ಯಾವುದೇ ಕರಾರಿಗೆ ಬೋರ್ಡ್‌ನ ಪೂರ್ವ ಮಂಜೂರಾತಿ ಬೇಕು. ವಾಣಿಜ್ಯ, ಶಿಕ್ಷಣ, ಆರೋಗ್ಯದ ಉದ್ದೇಶಕ್ಕೆ ಮೂವತ್ತು ವರ್ಷದವರೆಗೆ ಕೊಡಬೇಕಾದರೆ ರಾಜ್ಯ ಸರ್ಕಾರದ ಒಪ್ಪಿಗೆ ಮತ್ತು 2014ರ ಕೇಂದ್ರ ನಿಯಮಗಳ ಪಾಲನೆ. 2013ಕ್ಕೆ ಮೊದಲು ಮಿತಿ ಮೂರು ವರ್ಷ ಇತ್ತು. ಹಳೆಯ ಕರಾರು ಕೈಗೆ ಬಂದಾಗ ಇದನ್ನು ಮರೆಯಬಾರದು. ಇದರ ಜೊತೆಗೆ ನೋಂದಣಿ ಕಾಯ್ದೆಯೂ ಇದೆ: ಒಂದು ವರ್ಷ ಮೀರಿದ ಕರಾರು ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಣಿಯಾಗಲೇಬೇಕು. ಆಗದಿದ್ದರೆ ಹತ್ತು ವರ್ಷದ ಆ ಕಾಗದ ಹತ್ತು ವರ್ಷಕ್ಕೆ ರಕ್ಷಣೆ ಕೊಡುವುದಿಲ್ಲ. ಅಂಗಡಿ ಬಾಡಿಗೆ ತಿಂಗಳಿಂದ ತಿಂಗಳಿಗೆ ನಡೆಯುವ ಬಾಡಿಗೆಯಾಗುತ್ತದೆ, ಆಸ್ತಿ ವರ್ಗಾವಣೆ ಕಾಯ್ದೆಯ ಸೆಕ್ಷನ್ 106ರ ಹದಿನೈದು ದಿನದ ನೋಟಿಸಿನಿಂದ ಮುಗಿಯುತ್ತದೆ.

ಬಾಡಿಗೆದಾರರು ಇದನ್ನು ಕೇಳಿ ಗಾಬರಿಯಾಗುತ್ತಾರೆ, ಆಗಲೇಬೇಕು. ಮುತವಲ್ಲಿಯ ಸಹಿ ಇದೆ ಎಂದು ನಂಬಿ ಹಣ ಸುರಿದ ವ್ಯಾಪಾರಿಗೆ ಬೋರ್ಡ್‌ನ ಮಂಜೂರಾತಿ ಎಂಬುದೊಂದು ಇದೆ ಎಂದೇ ಯಾರೂ ಹೇಳಿರುವುದಿಲ್ಲ. ಹೊಸದಾಗಿ ಕರಾರು ಮಾಡಿಕೊಳ್ಳುವವರು ಕೇಳಬೇಕಾದ ಕಾಗದಗಳು: ಸಂಸ್ಥೆಯ ವಕ್ಫ್ ನೋಂದಣಿ ಪ್ರತಿ, ಸಹಿ ಮಾಡುವವರ ನೇಮಕದ ಆದೇಶ ಮತ್ತು ಅವರ ಅವಧಿ, ಕರಾರಿಗೆ ಬೋರ್ಡ್ ಕೊಟ್ಟ ಮಂಜೂರಾತಿಯ ಸಂಖ್ಯೆ ಮತ್ತು ತಾರೀಖು, ಸಂಸ್ಥೆಯ ಬ್ಯಾಂಕ್ ಖಾತೆಯ ವಿವರ. ನೀವೇ ಕಟ್ಟಡ ಕಟ್ಟಿಕೊಳ್ಳುವುದಾದರೆ, ಅವಧಿ ಮುಗಿದಾಗ ಕಟ್ಟಡ ಯಾರದ್ದು ಎಂಬ ಷರತ್ತು ಕರಾರಿನಲ್ಲೇ ಇರಬೇಕು. ‘ನೆಲ ಮಸೀದಿಯದ್ದು, ಗೋಡೆ ನನ್ನದು’ ಎಂಬ ವಾದ ಷರತ್ತಿಲ್ಲದೆ ನಿಲ್ಲುವುದು ಕಷ್ಟ.

ಅವಧಿ ಮುಗಿದ ಬಾಡಿಗೆದಾರನೂ ಒತ್ತುವರಿದಾರನೇ. 2013ರ ತಿದ್ದುಪಡಿ ಒತ್ತುವರಿದಾರ ಎಂಬ ವ್ಯಾಖ್ಯಾನದೊಳಗೆ ಬಾಡಿಗೆ, ಗುತ್ತಿಗೆ, ಪರವಾನಗಿ ಮುಗಿದವರನ್ನೂ ರದ್ದಾದವರನ್ನೂ ಸೇರಿಸಿತು. ಹಾಗೆಂದು ಕಮಿಟಿಯವರು ಬೀಗ ಹಾಕುವಂತಿಲ್ಲ, ಕರೆಂಟ್ ಕಡಿಯುವಂತಿಲ್ಲ. ಸೆಕ್ಷನ್ 54ರ ದಾರಿ ಹೀಗಿದೆ: ದೂರು ಬಂದಾಗ ಅಥವಾ ತಾವಾಗಿಯೇ ಬೋರ್ಡ್‌ನ ಮುಖ್ಯ ಕಾರ್ಯನಿರ್ವಹಣಾಧಿಕಾರಿ ಕಾರಣ ಕೇಳುವ ನೋಟಿಸು ಕೊಡುತ್ತಾರೆ, ಪ್ರತಿ ಮುತವಲ್ಲಿಗೂ ಹೋಗುತ್ತದೆ. ಆಕ್ಷೇಪಣೆ ಕೇಳಿ, ವಿಚಾರಿಸಿ, ವಕ್ಫ್ ಆಸ್ತಿ ಹೌದು, ಒತ್ತುವರಿಯೂ ಹೌದು ಎಂದು ಮನದಟ್ಟಾದರೆ ತೆರವಿನ ಆದೇಶಕ್ಕಾಗಿ ಟ್ರಿಬ್ಯುನಲ್‌ಗೆ ಅರ್ಜಿ ಹಾಕುತ್ತಾರೆ. 2013ಕ್ಕೆ ಮೊದಲು ಅವರೇ ಆದೇಶ ಮಾಡಬಹುದಿತ್ತು; ಈಗ ಆದೇಶ ಟ್ರಿಬ್ಯುನಲ್‌ನದ್ದು. ಆದೇಶದ ಪ್ರತಿಯನ್ನು ಆಸ್ತಿಯ ಹೊರಬಾಗಿಲಿಗೆ ಅಂಟಿಸಿದ ದಿನದಿಂದ 45 ದಿನ ಕಾಯಬೇಕು. ಬಿಡದಿದ್ದರೆ ತೆರವು, ಸೆಕ್ಷನ್ 55ರ ಅಡಿ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರ ಮೂಲಕ ಪೊಲೀಸ್ ನೆರವೂ ಸಿಗುತ್ತದೆ.

ಈ ಸರಣಿಯಲ್ಲಿ ಎಡವುವುದು ಎಲ್ಲಿ? ನೋಟಿಸಿನಲ್ಲಿ ಚಕ್ಕುಬಂದಿ ಇರುವುದಿಲ್ಲ. ‘ಜಾಮಿಯಾ ಮಸೀದಿ ಆಸ್ತಿಯಲ್ಲಿನ ಅಂಗಡಿ’ ಎಂದಿಷ್ಟೇ ಬರೆದ ನೋಟಿಸಿನ ಮೇಲೆ ಯಾವ ಅಂಗಡಿಯನ್ನು ತೆರವು ಮಾಡಬೇಕು ಎಂದು ಅಮೀನನಿಗೂ ಗೊತ್ತಾಗುವುದಿಲ್ಲ. ಉದ್ದ, ಅಗಲ, ನಾಲ್ಕು ದಿಕ್ಕು, ಖಾತಾ ಸಂಖ್ಯೆ, ವಕ್ಫ್ ಆಸ್ತಿಗಳ ಪಟ್ಟಿ ಇರುವ ಗೆಜೆಟ್‌ನ ಕ್ರಮಸಂಖ್ಯೆ, ಸಾಧ್ಯವಾದರೆ ಭೂಮಾಪಕರ ಸ್ಕೆಚ್, ಇವೆಲ್ಲ ಮೊದಲ ನೋಟಿಸಿನಲ್ಲೇ ಬರಲಿ. ಎರಡನೆಯದು, ಒಳಬಾಡಿಗೆದಾರನನ್ನು ಬಿಟ್ಟು ಮೂಲ ಬಾಡಿಗೆದಾರನಿಗೆ ಮಾತ್ರ ನೋಟಿಸು ಕೊಡುವುದು. ಮೂರನೆಯದು ಎಲ್ಲಕ್ಕಿಂತ ಕೆಟ್ಟದ್ದು: ಒಂದು ಕೈಯಿಂದ ತೆರವಿನ ಅರ್ಜಿ, ಇನ್ನೊಂದು ಕೈಯಿಂದ ಬಾಡಿಗೆಯ ರಸೀದಿ. ಅವಧಿ ಮುಗಿದ ಮೇಲೆ ಬಂದ ಹಣವನ್ನು ತೆಗೆದುಕೊಳ್ಳುವುದಾದರೆ ‘ಬಳಕೆಯ ಪರಿಹಾರವಾಗಿ, ಹಕ್ಕು ಕಾಯ್ದಿರಿಸಿ’ ಎಂದು ರಸೀದಿಯಲ್ಲಿ ಬರೆಯಿರಿ. ಇಲ್ಲವಾದರೆ ಕರಾರು ಮುಂದುವರಿಯಿತು ಎಂಬ ವಾದಕ್ಕೆ ನೀವೇ ಸಾಕ್ಷ್ಯ ಒದಗಿಸಿದಂತೆ.

ಮುತವಲ್ಲಿಯೇ ಮಾರಿಬಿಟ್ಟಿದ್ದರೆ? ಅದಕ್ಕೆ ಸೆಕ್ಷನ್ 54 ಅಲ್ಲ. ಸೆಕ್ಷನ್ 51ರ ಪ್ರಕಾರ ವಕ್ಫ್ ಆಸ್ತಿಯ ಮಾರಾಟ, ದಾನ, ವಿನಿಮಯ, ಅಡಮಾನ ಮೊದಲಿನಿಂದಲೇ ಶೂನ್ಯ. ಇಂಥ ವರ್ಗಾವಣೆಯಾದ, ಬೋರ್ಡ್‌ನ ರಿಜಿಸ್ಟರಿನಲ್ಲಿರುವ ಆಸ್ತಿಯನ್ನು ವಾಪಸು ಪಡೆಯಲು ಸೆಕ್ಷನ್ 52ರ ಅಡಿ ಬೋರ್ಡ್ ಜಿಲ್ಲಾಧಿಕಾರಿಗೆ ಕೋರಿಕೆ ಕಳಿಸುತ್ತದೆ, ಜಿಲ್ಲಾಧಿಕಾರಿ 30 ದಿನದೊಳಗೆ ಒಪ್ಪಿಸುವಂತೆ ಆದೇಶಿಸುತ್ತಾರೆ, ಆದೇಶದ ಮೇಲೆ 30 ದಿನದೊಳಗೆ ಟ್ರಿಬ್ಯುನಲ್‌ಗೆ ಮೇಲ್ಮನವಿ. ಕೊಂಡವನು ಒತ್ತುವರಿದಾರ ಎಂದು 54ರಲ್ಲಿ ಹೋದರೆ ಅವನು ಕ್ರಯಪತ್ರ ತೋರಿಸುತ್ತಾನೆ, ವಿಚಾರಣೆ ದಾರಿ ತಪ್ಪುತ್ತದೆ.

ಇನ್ನು ಸಿವಿಲ್ ಕೋರ್ಟೋ ಟ್ರಿಬ್ಯುನಲ್ಲೋ ಎಂಬ ಹಳೇ ತಲೆನೋವು. 2010ರಲ್ಲಿ ಹೈದರಾಬಾದಿನ ಸುಗ್ರಾ ಹುಮಾಯೂನ್ ಮಿರ್ಜಾ ವಕ್ಫ್ ಪ್ರಕರಣದಲ್ಲಿ, ಬಾಡಿಗೆದಾರನ ತೆರವು ಸಿವಿಲ್ ಕೋರ್ಟಿನ ಕೆಲಸ, ಟ್ರಿಬ್ಯುನಲ್‌ನದ್ದಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ಟ್ರಿಬ್ಯುನಲ್‌ಗಳಲ್ಲಿದ್ದ ಎಷ್ಟೋ ತೆರವಿನ ಪ್ರಕರಣಗಳ ಬುಡವೇ ಅದರಿಂದ ಅಲುಗಾಡಿತು. 2013ರ ತಿದ್ದುಪಡಿ ಸೆಕ್ಷನ್ 83ಕ್ಕೆ ಬಾಡಿಗೆದಾರನ ತೆರವು ಮತ್ತು ಬಾಡಿಗೆ ಸಂಬಂಧದ ಹಕ್ಕು-ಬಾಧ್ಯತೆಗಳನ್ನು ಸ್ಪಷ್ಟವಾಗಿ ಸೇರಿಸಿ ಅದನ್ನು ತಿರುಗಿಸಿತು. 2021ರ ರಶೀದ್ ವಲಿ ಬೇಗ್ ತೀರ್ಪು, ಶಾಶ್ವತ ತಡೆಯಾಜ್ಞೆಯ ದಾವೆಯೂ ಟ್ರಿಬ್ಯುನಲ್‌ನಲ್ಲೇ ನಡೆಯಬೇಕು ಎಂದಿತು. ಆದ್ದರಿಂದ ಇಂದು ವಕ್ಫ್ ಅಂಗಡಿಯ ಬಾಡಿಗೆದಾರ ಮುನ್ಸಿಫ್ ಕೋರ್ಟಿನಲ್ಲಿ ತಡೆಯಾಜ್ಞೆಗೆ ಹೋದರೆ ಮೊದಲ ಆಕ್ಷೇಪಣೆಯೇ ಸಿವಿಲ್ ಕೋರ್ಟಿನ ಅಧಿಕಾರವನ್ನು ತಡೆಯುವ ಸೆಕ್ಷನ್ 85ರದ್ದು. ತಪ್ಪು ಕೋರ್ಟಿನಲ್ಲಿ ಹಾಕಿದ್ದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 7, ನಿಯಮ 10ರ ಅಡಿ ವಾದಪತ್ರ ವಾಪಸು ಪಡೆದು ಸರಿಯಾದ ಕಡೆ ಹಾಕಿ. ಸದ್ಭಾವನೆಯಿಂದ ಕಳೆದ ಆ ಕಾಲವನ್ನು ಕಾಲಮಿತಿ ಕಾಯ್ದೆಯ ಸೆಕ್ಷನ್ 14ರ ಅಡಿ ಗಡುವಿನ ಲೆಕ್ಕದಿಂದ ಹೊರಗಿಡಲು ಕೇಳಬಹುದು. ಟ್ರಿಬ್ಯುನಲ್‌ನ ಆದೇಶದ ಮೇಲೆ ಮೊದಲು ಹೈಕೋರ್ಟಿನಲ್ಲಿ ಪರಿಶೀಲನಾ ಅರ್ಜಿ ಮಾತ್ರ ಇತ್ತು. 2025ರಿಂದ 90 ದಿನದೊಳಗೆ ಮೇಲ್ಮನವಿಯ ಹಕ್ಕು ಬಂದಿದೆ. ಈ ಬದಲಾವಣೆ ಒಳ್ಳೆಯದು, ಎರಡೂ ಕಡೆಯವರಿಗೆ.

ಬೋರ್ಡ್ ವಿರುದ್ಧ ದಾವೆ ಹಾಕುವ ಮುನ್ನ ಸೆಕ್ಷನ್ 89ರ ಎರಡು ತಿಂಗಳ ನೋಟಿಸು. ರಾಜಿ ಮಾಡಿಕೊಳ್ಳುವುದಾದರೆ ಸೆಕ್ಷನ್ 93: ಆಸ್ತಿಯ ಹಕ್ಕಿನ ಅಥವಾ ಮುತವಲ್ಲಿಯ ಹಕ್ಕಿನ ದಾವೆಯನ್ನು ಬೋರ್ಡ್‌ನ ಮಂಜೂರಾತಿ ಇಲ್ಲದೆ ರಾಜಿ ಮಾಡುವಂತಿಲ್ಲ. ಲೋಕ ಅದಾಲತ್‌ನಲ್ಲಿ ಕೈಕುಲುಕಿ ಮುಗಿಸಿದ ಪ್ರಕರಣಗಳು ಇದೇ ಕಾರಣಕ್ಕೆ ಮತ್ತೆ ತೆರೆದುಕೊಳ್ಳುತ್ತವೆ.

ಜಮೀನು: ನಮೂನೆ 10 ಮತ್ತು ಕಾಲಂ 11

ಕರ್ನಾಟಕದಲ್ಲಿ ಹಳ್ಳಿಯ ವಕ್ಫ್ ಜಮೀನಿನ ವ್ಯಾಜ್ಯಕ್ಕೆ ಬೇರೆಯದೇ ಇತಿಹಾಸವಿದೆ. ದರ್ಗಾ, ಮಸೀದಿ, ಖಾಜಿಯ ಸೇವೆಗೆಂದು ಬಿಟ್ಟ ಇನಾಮು ಭೂಮಿಗಳ ಮೇಲೆ ಇನಾಮು ರದ್ದತಿಯ ಕಾಯ್ದೆಗಳು ಬಂದವು. ಹಳೇ ಮೈಸೂರಿನಲ್ಲಿ 1955ರ ಧಾರ್ಮಿಕ ಮತ್ತು ಧರ್ಮಾದಾಯ ಇನಾಮುಗಳ ರದ್ದತಿ ಕಾಯ್ದೆ, ನಂತರ 1977ರ ಕಾಯ್ದೆ. ಅದರ ಜೊತೆಗೆ ಭೂ ಸುಧಾರಣೆ: 1974ರ ಮಾರ್ಚ್ 1ರಿಂದ ಗೇಣಿ ಜಮೀನುಗಳು ಸರ್ಕಾರಕ್ಕೆ ಸೇರಿ, ನಮೂನೆ 7ರಲ್ಲಿ ಅರ್ಜಿ ಹಾಕಿದ ಗೇಣಿದಾರರಿಗೆ ಭೂ ನ್ಯಾಯಮಂಡಳಿ ಅಧಿಭೋಗದ ಹಕ್ಕು ಕೊಟ್ಟು ನಮೂನೆ 10 ನೀಡಿತು. ಸಂಸ್ಥೆಗಳಿಗೆ ಉಳಿದದ್ದು ತಸ್ತೀಕು (ಸರ್ಕಾರ ಕೊಡುವ ವಾರ್ಷಿಕ ಹಣ). ಆದರೆ ವಕ್ಫ್ ಸಮೀಕ್ಷೆಯ ಗೆಜೆಟ್ ಪಟ್ಟಿಗಳಲ್ಲಿ ಅದೇ ಸರ್ವೆ ನಂಬರುಗಳು ಹಾಗೇ ನಿಂತವು. ಎರಡು ಸರ್ಕಾರಿ ದಾಖಲೆ, ಎರಡು ಇಲಾಖೆ, ಒಂದಕ್ಕೊಂದು ತಾಳೆಯಿಲ್ಲ.

ಪಹಣಿಯ ಕಾಲಂ 9ರಲ್ಲಿ (ಮಾಲೀಕರ ಕಾಲಂ) ರೈತನ ಹೆಸರು ಇರುವಾಗಲೇ ಕಾಲಂ 11ರಲ್ಲಿ (ಇತರ ಹಕ್ಕು, ಋಣಗಳ ಕಾಲಂ) ‘ವಕ್ಫ್ ಆಸ್ತಿ’ ಎಂಬ ಸಾಲು ಬಂದು ಕೂರುವುದು ಹೀಗೆ. 2024ರ ಅಕ್ಟೋಬರ್‌ನಲ್ಲಿ ವಿಜಯಪುರ ಜಿಲ್ಲೆಯಲ್ಲಿ ಎದ್ದ ಗದ್ದಲ ಎಲ್ಲರಿಗೂ ನೆನಪಿದೆ. ತಿಕೋಟಾ ತಾಲ್ಲೂಕಿನ ಹೊನವಾಡದಲ್ಲಿ 1,200 ಎಕರೆ ಎಂಬ ಮಾತು ಹಬ್ಬಿತು. 1974ರ ಗೆಜೆಟ್‌ನಲ್ಲಿ ಊರಿನ ಹೆಸರು ತಪ್ಪಾಗಿ ಸೇರಿತ್ತು, 1977ರಲ್ಲಿ ಅದನ್ನು ತಿದ್ದಲಾಗಿದೆ, ಆ ಊರಿನಲ್ಲಿ ವಕ್ಫ್‌ನದ್ದು 11 ಎಕರೆ ಮಾತ್ರ ಎಂದು ಸಚಿವ ಎಂ.ಬಿ. ಪಾಟೀಲರು ವಿವರಣೆ ಕೊಟ್ಟರು. ಸರ್ಕಾರ ನೋಟಿಸುಗಳನ್ನು ಹಿಂಪಡೆಯಲು ಸೂಚಿಸಿತು. ಗೆಜೆಟ್‌ನ ಒಂದು ಸಾಲು ಐವತ್ತು ವರ್ಷದ ನಂತರ ಏನು ಮಾಡಬಲ್ಲದು ಎಂಬುದಕ್ಕೆ ಇದಕ್ಕಿಂತ ಬೇರೆ ಉದಾಹರಣೆ ಬೇಡ. ರೈತರ ನೋವು ನಿಜವಾದದ್ದು. ಹೊಲದ ಮೇಲಿನ ಆ ಸಾಲು ಅಳಿಯುವ ತನಕ ಬ್ಯಾಂಕು ಸಾಲ ಕೊಡಲು ಹಿಂದೆಗೆಯುತ್ತದೆ, ಕೊಳ್ಳುವವನು ಬರುವುದಿಲ್ಲ. ಇನ್ನೊಂದು ಕಡೆ, ಖಬರಸ್ಥಾನದ ನಿಜವಾದ ಎರಡು ಎಕರೆಯೂ ಇದೇ ಗದ್ದಲದಲ್ಲಿ ಅನುಮಾನಕ್ಕೆ ಗುರಿಯಾಗುತ್ತದೆ.

ಕಾಲಂ 11ರಲ್ಲಿ ನಮೂದು ಕಂಡ ರೈತ ಮಾಡಬೇಕಾದ್ದು: ಯಾವ ಎಂ.ಆರ್. (ಮ್ಯುಟೇಶನ್ ರಿಜಿಸ್ಟರ್) ಸಂಖ್ಯೆಯಿಂದ ಆ ಸಾಲು ಬಂತು ಎಂದು ಮ್ಯುಟೇಶನ್ ಪ್ರತಿ ತೆಗೆಯುವುದು. ಅದಕ್ಕೆ ಮುನ್ನ ತನಗೆ ನೋಟಿಸು ಬಂದಿತ್ತೇ ಎಂದು ನೋಡುವುದು. ನಮೂನೆ 10, ಭೂ ನ್ಯಾಯಮಂಡಳಿಯ ಆದೇಶ, ಹಳೆಯ ಪಹಣಿಗಳು, ಗೆಜೆಟ್‌ನ ಪುಟ, ತಿದ್ದುಪಡಿ ಗೆಜೆಟ್ ಇದ್ದರೆ ಅದು, ಇವನ್ನು ಕೂಡಿಸುವುದು. ಕರ್ನಾಟಕ ಭೂ ಕಂದಾಯ ಕಾಯ್ದೆಯ ಸೆಕ್ಷನ್ 136(2)ರ ಅಡಿ, ತಿಳಿದ ದಿನದಿಂದ 60 ದಿನದೊಳಗೆ, ಉಪವಿಭಾಗಾಧಿಕಾರಿಗೆ ಮೇಲ್ಮನವಿ ಹಾಕುವುದು. ಅಲ್ಲಿಂದ ಮುಂದೆ 136(3)ರಲ್ಲಿ ಜಿಲ್ಲಾಧಿಕಾರಿ. ಆದರೆ ಇದರಿಂದ ಪಹಣಿಯ ನಮೂದು ಮಾತ್ರ ಸರಿಹೋಗುತ್ತದೆ. ಜಮೀನು ವಕ್ಫ್ ಹೌದೇ ಅಲ್ಲವೇ ಎಂಬುದು ಕಂದಾಯ ಅಧಿಕಾರಿಯ ಮುಂದೆ ತೀರ್ಮಾನವಾಗುವುದಿಲ್ಲ. ಗೆಜೆಟ್ ಪಟ್ಟಿಯನ್ನೇ ಪ್ರಶ್ನಿಸುವುದಾದರೆ ಸೆಕ್ಷನ್ 6ರ ಅಡಿ ಟ್ರಿಬ್ಯುನಲ್. ಪಟ್ಟಿ ಪ್ರಕಟವಾದ ಒಂದು ವರ್ಷದೊಳಗೆ ಎಂಬ ಗಡುವನ್ನು 2025ರ ತಿದ್ದುಪಡಿ ಎರಡು ವರ್ಷ ಮಾಡಿದೆ, ಸಕಾರಣವಿದ್ದರೆ ಅದರ ನಂತರವೂ ಕೇಳಬಹುದು ಎಂದಿದೆ.

ಗೆಜೆಟ್ ಎಷ್ಟು ಗಟ್ಟಿ? ನೋಟಿಸೇ ಇಲ್ಲದ, ಸ್ವಾಧೀನದಲ್ಲಿರುವ ಹೊರಗಿನವನನ್ನು ಪಟ್ಟಿ ಕಟ್ಟಿಹಾಕುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1979ರಲ್ಲಿ ರಾಜಸ್ಥಾನದ ಪ್ರಕರಣದಲ್ಲಿ ಹೇಳಿತ್ತು. 2013ರಲ್ಲಿ ಸೆಕ್ಷನ್ 6ರ ಪದಗಳೇ ಬದಲಾಗಿ ‘ಬಾಧಿತರಾದ ಯಾರೇ ಆಗಲಿ’ ಎಂದಾಯಿತು, ಆದ್ದರಿಂದ ಆ ತೀರ್ಪನ್ನು ಇಂದು ಕಣ್ಣುಮುಚ್ಚಿ ಉಲ್ಲೇಖಿಸಬೇಡಿ. 2023ರ ಸೇಲಂ ಖಬರಸ್ಥಾನದ ತೀರ್ಪು ಇನ್ನೊಂದು ಕಡೆಯಿಂದ ಎಚ್ಚರಿಸುತ್ತದೆ: ಕಾಯ್ದೆಯಂತೆ ಸಮೀಕ್ಷೆಯಾಗದೆ ಬರೀ ಅಧಿಸೂಚನೆ ಹೊರಡಿಸಿದರೆ ಆಸ್ತಿ ವಕ್ಫ್ ಆಗುವುದಿಲ್ಲ. 1998ರ ಆಂಧ್ರದ ತೀರ್ಪು ‘ಒಮ್ಮೆ ವಕ್ಫ್ ಆದದ್ದು ಎಂದೆಂದೂ ವಕ್ಫ್’ ಎಂದದ್ದು ನಿಜ. ಆದರೆ ಆ ಮಾತು ಶುರುವಾಗುವುದೇ ಒಮ್ಮೆ ಆಗಿತ್ತು ಎಂದು ಸಾಬೀತಾದ ಮೇಲೆ. ಸಮೀಕ್ಷಾ ಆಯುಕ್ತರ ವರದಿ, ಸ್ಥಳ ಪಂಚನಾಮೆ, ನೋಟಿಸು ಜಾರಿಯ ದಾಖಲೆ ಇವನ್ನು ಬೋರ್ಡ್‌ನ ವಕೀಲರು ಗೆಜೆಟ್‌ಗಿಂತ ಮೊದಲು ಹುಡುಕಬೇಕು.

ಕಾಲಮಿತಿ

1995ರ ಕಾಯ್ದೆಯ ಸೆಕ್ಷನ್ 107 ವಕ್ಫ್ ಸ್ಥಿರಾಸ್ತಿಯ ಸ್ವಾಧೀನದ ದಾವೆಗೆ ಕಾಲಮಿತಿಯೇ ಇಲ್ಲ ಎಂದಿತ್ತು. ಹಾಗೆಂದು ಅದು ಹಳೆಯದನ್ನೆಲ್ಲ ಎಬ್ಬಿಸಲಿಲ್ಲ: 1996ಕ್ಕೆ ಮೊದಲೇ ಕಾಲ ಮೀರಿ ನಶಿಸಿದ ಹಕ್ಕು ಮತ್ತೆ ಹುಟ್ಟುವುದಿಲ್ಲ ಎಂದು ತಮಿಳುನಾಡಿನ ವಕ್ಫ್ ಒಂದರ ಪ್ರಕರಣದಲ್ಲಿ 2008ರಲ್ಲಿ ತೀರ್ಪಾಗಿದೆ. 2025ರ ಏಪ್ರಿಲ್ 8ರಿಂದ 1963ರ ಕಾಲಮಿತಿ ಕಾಯ್ದೆ ವಕ್ಫ್ ಸ್ಥಿರಾಸ್ತಿಯ ಹಕ್ಕಿಗೂ ಅನ್ವಯಿಸುತ್ತದೆ. ಅಂದರೆ ಪ್ರತಿಕೂಲ ಸ್ವಾಧೀನದ (ಮಾಲೀಕನ ಹಕ್ಕಿಗೆ ಎದುರಾಗಿ ದೀರ್ಘಕಾಲ ಕೂತು ಪಡೆಯುವ ಹಕ್ಕಿನ) 12 ವರ್ಷದ ಲೆಕ್ಕ ಈಗ ಇವುಗಳಿಗೂ ಉಂಟು. ಕರ್ನಾಟಕ ವಕ್ಫ್ ಬೋರ್ಡ್‌ನದೇ ವಿಜಯಪುರದ ಪ್ರಕರಣದಲ್ಲಿ, 2004ರಲ್ಲಿ, ಪ್ರತಿಕೂಲ ಸ್ವಾಧೀನ ಹೇಳುವವನು ಯಾವ ದಿನದಿಂದ, ಯಾವ ರೀತಿ, ಮಾಲೀಕನಿಗೆ ಗೊತ್ತಾಗುವಂತೆ ಕೂತಿದ್ದ ಎಂದು ಸಾಬೀತು ಮಾಡಬೇಕು ಎಂದು ಸುಪ್ರೀಂ ಕೋರ್ಟ್ ವಿವರಿಸಿದೆ. ಬಾಡಿಗೆದಾರನಾಗಿ ಒಳಬಂದವನು ಅದನ್ನು ಸುಲಭವಾಗಿ ಹೇಳಲಾರ. ಆದರೂ ಕರಾರು ಮುಗಿದ ದಿನದಿಂದ 12 ವರ್ಷ ಸುಮ್ಮನಿದ್ದ ಕಮಿಟಿಗೆ ಅಪಾಯ ಇದೆ. ಬಾಕಿ ಬಾಡಿಗೆಗಂತೂ ಮೂರು ವರ್ಷ ಮಾತ್ರ.

ಇದಕ್ಕೆ ಸೇರಿಕೊಂಡೇ ಬರುವುದು ನೋಂದಣಿ. ನೋಂದಣಿಯಾಗದ ವಕ್ಫ್‌ನ ಪರವಾಗಿ ಹಕ್ಕು ಜಾರಿಯ ದಾವೆಯನ್ನು, ತಿದ್ದುಪಡಿ ಬಂದ ಆರು ತಿಂಗಳ ನಂತರ, ಕೋರ್ಟು ಕೇಳುವುದಿಲ್ಲ ಎಂದು ಸೆಕ್ಷನ್ 36ರ ಹೊಸ ಉಪವಿಧಿ ಹೇಳುತ್ತದೆ. ಪ್ರಮಾಣಪತ್ರ ಹಾಕಿ ತಡಕ್ಕೆ ಸಮಂಜಸ ಕಾರಣ ಕೊಟ್ಟರೆ ಮಾತ್ರ ವಿನಾಯಿತಿ. ಈಗಾಗಲೇ ನೋಂದಣಿಯಾದವುಗಳ ವಿವರವನ್ನು 2025ರ ಜೂನ್ 6ರಂದು ಶುರುವಾದ ಕೇಂದ್ರ ಸರ್ಕಾರದ ಉಮೀದ್ ಪೋರ್ಟಲ್‌ಗೆ ಆರು ತಿಂಗಳಲ್ಲಿ ಏರಿಸಬೇಕಿತ್ತು. ಗಡುವನ್ನು ಒಟ್ಟಾಗಿ ವಿಸ್ತರಿಸಲು ಸುಪ್ರೀಂ ಕೋರ್ಟ್ ಡಿಸೆಂಬರ್‌ನಲ್ಲಿ ಒಪ್ಪಲಿಲ್ಲ, ಟ್ರಿಬ್ಯುನಲ್‌ಗೆ ಹೋಗಿ ಎಂದಿತು. ಸರ್ಕಾರಿ ಆಸ್ತಿ ಎಂಬ ತಕರಾರಿರುವ ಕಡೆ ಸುಪ್ರೀಂ ಕೋರ್ಟಿನ 2025ರ ಸೆಪ್ಟೆಂಬರ್ 15ರ ಮಧ್ಯಂತರ ಆದೇಶ ನೆನಪಿರಲಿ: ಟ್ರಿಬ್ಯುನಲ್ ಮತ್ತು ಹೈಕೋರ್ಟಿನಲ್ಲಿ ಹಕ್ಕು ತೀರ್ಮಾನವಾಗುವವರೆಗೆ ವಕ್ಫ್‌ನ ಸ್ವಾಧೀನ ತಪ್ಪಿಸುವಂತಿಲ್ಲ, ದಾಖಲೆ ಬದಲಿಸುವಂತಿಲ್ಲ, ಮುತವಲ್ಲಿಗಳೂ ಈ ನಡುವೆ ಮೂರನೆಯವರಿಗೆ ಹಕ್ಕು ಹುಟ್ಟಿಸುವಂತಿಲ್ಲ. ಈ ಕೊನೆಯ ಭಾಗವನ್ನು ಜಮಾತ್‌ಗಳಲ್ಲಿ ಯಾರೂ ಓದಿ ಹೇಳುತ್ತಿಲ್ಲ ಎಂಬುದೇ ಚಿಂತೆ.

ಸಭೆಯಲ್ಲಿ ಬಂದ ಎರಡು ಪ್ರಶ್ನೆ

‘ಹನ್ನೊಂದು ತಿಂಗಳ ಕರಾರನ್ನು ಇಪ್ಪತ್ತು ವರ್ಷದಿಂದ ನವೀಕರಿಸುತ್ತಾ ಬಂದಿದ್ದೇವೆ. ನಮಗೆ ಕಾಯಂ ಹಕ್ಕು ಇದೆಯೇ?’ ಇಲ್ಲ. ಪ್ರತಿ ಕರಾರೂ ತನ್ನ ಅವಧಿಗೆ ಮುಗಿಯುತ್ತದೆ. ಕೊನೆಯ ಕರಾರು ಮುಗಿದ ಮೇಲೂ ಬಾಡಿಗೆ ಸ್ವೀಕರಿಸಿದ್ದರೆ ನೋಟಿಸಿಲ್ಲದೆ ತೆರವು ಮಾಡಲಾಗದು ಎಂಬ ರಕ್ಷಣೆ ಇದೆ, ಅಷ್ಟೇ. ದೀರ್ಘಾವಧಿ ಬೇಕಿದ್ದರೆ ಮುತವಲ್ಲಿಯ ಮೂಲಕ ಬೋರ್ಡ್‌ಗೆ ಪ್ರಸ್ತಾವ ಹೋಗಲಿ, ಈಗಿನ ಮಾರುಕಟ್ಟೆ ದರದ ಬಾಡಿಗೆಗೆ ಸಿದ್ಧರಿರಿ. ಮೂವತ್ತು ವರ್ಷದ ಹಿಂದಿನ ಬಾಡಿಗೆಯನ್ನೇ ಹಿಡಿದುಕೊಂಡು ರಕ್ಷಣೆಯನ್ನೂ ಕೇಳುವುದು ಆಗುವುದಿಲ್ಲ. ಆ ಬಾಡಿಗೆಯಿಂದಲೇ ಮದರಸಾದ ಮಕ್ಕಳ ಊಟ, ಇಮಾಮರ ಸಂಬಳ ನಡೆಯಬೇಕು.

‘ಎರಡು ಕಮಿಟಿಗಳು ಬಾಡಿಗೆ ಕೇಳುತ್ತಿವೆ, ಯಾರಿಗೆ ಕೊಡಲಿ?’ ಇಬ್ಬರಿಗೂ ಕೊಡದೆ ಸುಮ್ಮನಿರುವುದು ಅತಿ ಕೆಟ್ಟ ಆಯ್ಕೆ, ಬಾಕಿದಾರ ಎಂಬ ಕಾರಣಕ್ಕೇ ಅಂಗಡಿ ಹೋಗಬಹುದು. ಜಿಲ್ಲಾ ವಕ್ಫ್ ಕಚೇರಿಗೆ ಬರೆದು, ಇಂದಿನ ದಿನ ಅನುಮೋದಿತ ಮುತವಲ್ಲಿ ಅಥವಾ ಕಮಿಟಿ ಯಾವುದು, ಅದರ ಅವಧಿ ಎಲ್ಲಿಯವರೆಗೆ ಎಂದು ಲಿಖಿತ ಉತ್ತರ ಕೇಳಿ. ಉತ್ತರ ಬರುವವರೆಗೆ ಸಂಸ್ಥೆಯ ಹೆಸರಿನ ಬ್ಯಾಂಕ್ ಖಾತೆಗೇ, ತಿಂಗಳು ನಮೂದಿಸಿ, ಕಟ್ಟಿ. ವ್ಯಕ್ತಿಯ ಖಾತೆಗೆ ಬೇಡ. ಖಾತೆಯನ್ನು ಯಾರು ನಡೆಸುತ್ತಾರೆ ಎಂಬುದರ ಮೇಲೂ ಜಗಳವಿದ್ದರೆ, ಬಾಕಿ ಉಳಿಸುವ ಉದ್ದೇಶವಿಲ್ಲ ಎಂದು ಇಬ್ಬರಿಗೂ ರಿಜಿಸ್ಟರ್ಡ್ ಅಂಚೆಯಲ್ಲಿ ತಿಳಿಸಿ, ಟ್ರಿಬ್ಯುನಲ್‌ನಲ್ಲಿ ಠೇವಣಿ ಇಡಲು ಅನುಮತಿ ಕೋರಿ. ಆ ಅರ್ಜಿಯಲ್ಲಿ ಬೋರ್ಡನ್ನೂ ಪ್ರತಿವಾದಿ ಮಾಡಲು ಮರೆಯಬೇಡಿ, ಮತ್ತು ಯಾವ ಕಮಿಟಿ ಸರಿ ಎಂದು ಒಂದು ಪದವನ್ನೂ ಬರೆಯಬೇಡಿ.